ಅವಲಕ್ಕಿಯೊಳಗೆ ಜರ್ಮನಿ

ಡಾರ್ಮ್‌ಸ್ಟಾಟ್

"ಅಲ್ಲಿಯ ಜನ ತುಂಬಾ ಒಳ್ಳೆಯವರು" ಎಂದು ಬರೆಯದ ಪ್ರವಾಸ ಲೇಖನವನ್ನು ನಾನು ಇದುವರೆಗೆ ಓದಿಲ್ಲ. ಯಾವ ದೇಶವಾದರೂ ಸರಿ, ನಾಲ್ಕು ದಿನ ಇದ್ದು ಬಂದವರಿಗೆಲ್ಲ ಅಲ್ಲಿಯ ಜನ ಒಳ್ಳೆಯವರಾಗಿಯೇ ಕಾಣುತ್ತಾರೆ. ಹೋಟೆಲಿನವನು ನಕ್ಕ, ಟ್ಯಾಕ್ಸಿಯವನು ಬ್ಯಾಗು ಎತ್ತಿ ಕೊಟ್ಟ, ಹಣ್ಣಿನವಳು ಒಂದು ಹೋಳು ಹೆಚ್ಚು ಹಾಕಿದಳು. ಪುರಾವೆ ಇಷ್ಟೇ. ಕಾಲೇಜಿನಲ್ಲಿ ನಮ್ಮನ್ನು ಚರ್ಚಾಸ್ಪರ್ಧೆಗೆ ತಯಾರು ಮಾಡುತ್ತಿದ್ದ ಸರ್ ಇಂಥ ವಾದ ಕೇಳಿದಾಗಲೆಲ್ಲ ಕನ್ನಡಕ ಕೆಳಗಿಳಿಸಿ ಕೇಳುತ್ತಿದ್ದರು: "ಇದಕ್ಕೆ ವಿರುದ್ಧದ ಸಾಕ್ಷಿ ಹುಡುಕಿದ್ದೀಯಾ, ಇಲ್ಲ ಕೈಗೆ ಸಿಕ್ಕಿದ್ದನ್ನು ಮಾತ್ರ ತಂದಿದ್ದೀಯಾ?"

ಮೆಡೆಯಿನ್ ಬಗ್ಗೆ ನಾನು ಓದಿದ್ದೆಲ್ಲ ಇದೇ ಜಾತಿಯದು. ಕೊಲಂಬಿಯಾ ದೇಶದಲ್ಲಿ, ಬೆಟ್ಟಗಳ ನಡುವೆ ಬಟ್ಟಲಿನಂಥ ಕಣಿವೆಯಲ್ಲಿರುವ ಊರು. ವರ್ಷವಿಡೀ ಹಿತವಾದ ಹವೆ. ಬೀದಿಗೊಂದು ಬಣ್ಣ, ಮೂಲೆಗೊಂದು ಹಾಡು. ಜನ ಹೇಗೆ? ಹೇಳಬೇಕೇ, ತುಂಬಾ ಒಳ್ಳೆಯವರು. ಅದರ ಕೆಳಗೆ ಅದೇ ಉತ್ಸಾಹದಲ್ಲಿ ಎಚ್ಚರಿಕೆಗಳು. ಫೋನು ಕೈಯಲ್ಲಿ ಹಿಡಿದು ನಡೆಯಬೇಡಿ. ಅಸಲಿ ಕಾಗದಪತ್ರ ಹೊರಗೆ ಒಯ್ಯಬೇಡಿ. ಗುರುತಿಲ್ಲದವರು ಕೊಟ್ಟದ್ದನ್ನು ಕುಡಿಯಬೇಡಿ, ಅದರಲ್ಲಿ ಏನೋ ಬೆರೆಸಿರುತ್ತಾರಂತೆ, ಕುಡಿದವರು ತಮ್ಮದೆಲ್ಲವನ್ನೂ ತಾವೇ ನಗುನಗುತ್ತಾ ಎತ್ತಿ ಕೊಟ್ಟುಬಿಡುತ್ತಾರಂತೆ. ಇಷ್ಟು ಒಳ್ಳೆಯ ಜನರಿರುವ ಊರಿಗೆ ಇಷ್ಟು ಎಚ್ಚರಿಕೆ ಯಾಕೆ ಎಂದು ಬರೆದವರಿಗೆ ಅನ್ನಿಸಿಲ್ಲ. ನನಗೆ ಅನ್ನಿಸಿತು. ಎರಡರಲ್ಲಿ ಒಂದು ಸುಳ್ಳಿರಬೇಕು. ಯಾವುದೆಂದು ಹೋಗಿಯೇ ನೋಡಬೇಕು.

ಹೋಗಲು ಬಿಡುವೂ ಇತ್ತು. ಜರ್ಮನಿಯ ಡಾರ್ಮ್‌ಸ್ಟಾಟ್‌ನಲ್ಲಿ ನಾನಿದ್ದ ಕಂಪೆನಿ ನಮ್ಮ ತಂಡವನ್ನೇ ಮುಚ್ಚಿತ್ತು. ತಿಂಗಳುಗಟ್ಟಲೆ ಅರ್ಜಿ ಹಾಕಿ, ಸಂದರ್ಶನಗಳಲ್ಲಿ ನಗು ಅಂಟಿಸಿಕೊಂಡು ಕೂತು, ಅಂತೂ ರೆನ್ನಿಂಗೆನ್‌ನ ಒಂದು ಸಂಶೋಧನಾ ಕೇಂದ್ರದಲ್ಲಿ ಕೆಲಸ ಸಿಕ್ಕಿತ್ತು. ಅಲ್ಲಿ ಹಾಜರಾಗುವ ಮೊದಲು ಒಂದು ವಾರ ಖಾಲಿ.

ಟ್ರಾಮ್‌ಗಳೆಲ್ಲ ಸೇರುವ ಚೌಕದ ಬೇಕರಿಯಲ್ಲಿ ಈ ವಿಷಯ ಮಂಡಿಸಿದೆ. ಪ್ರತಿಪಕ್ಷದಲ್ಲಿ ಉಳ್ಳಾಲದ ಇಮ್ರಾನ್. ನನ್ನ ಜೊತೆಗೇ ಕೆಲಸ ಕಳೆದುಕೊಂಡು ನನಗಿಂತ ಮೊದಲೇ ಬೇರೆ ಕೆಲಸ ಹಿಡಿದವನು. ಆ ಒಂದು ಕಾರಣಕ್ಕೆ ನನಗೆ ಬುದ್ಧಿ ಹೇಳುವ ಹಕ್ಕು ತನಗಿದೆ ಎಂದುಕೊಂಡವನು.

"ಎಂತ ಮಾರಾಯ್ತಿ, ಅಷ್ಟು ದೂರ ಒಬ್ಳೇ ಹೋಗ್ಲಿಕ್ಕೆ ಅಲ್ಲಿ ಎಂತ ಉಂಟು?"

"ಎಂತ ಉಂಟು ಅಂತ ಗೊತ್ತಿದ್ರೆ ಹೋಗ್ಬೇಕಾಗಿರ್ಲಿಲ್ಲ."

"ಇದು ಉತ್ತರ ಅಲ್ಲ, ಡೈಲಾಗ್. ವೀಸಾ?"

"ಬೇಡ. ಜರ್ಮನಿಯ ಕಾರ್ಡ್ ಇದ್ರೆ ನಮ್ಮ ಪಾಸ್‌ಪೋರ್ಟಿಗೆ ಅಲ್ಲಿ ವೀಸಾ ಬೇಡ."

ಅವನು ಕಾಫಿ ಕೆಳಗಿಟ್ಟ. "ಅಂದ್ರೆ ಆ ಕಾರ್ಡನ್ನು ತಗೊಂಡೇ ಹೋಗ್ಬೇಕು. ಅದು ಅಲ್ಲಿ ಹೋಯ್ತು ಅಂತ ಇಟ್ಕೋ. ಆಗ?"

ಊರಲ್ಲಿರುವವರಿಗೆ ಈ ಕಾರ್ಡಿನ ಬಗ್ಗೆ ಸ್ವಲ್ಪ ಹೇಳಬೇಕು. ಔಫೆಂಟ್‌ಹಾಲ್ಟ್ಸ್‌ಟೀಟೆಲ್ ಎಂದು ಬಾಯಿ ತುಂಬುವ ಹೆಸರು. ನೋಡಿದರೆ ಎಟಿಎಂ ಕಾರ್ಡಿನಷ್ಟು ದೊಡ್ಡ ಪ್ಲಾಸ್ಟಿಕ್ ತುಂಡು. ಜರ್ಮನಿಯಲ್ಲಿ ಇರಲು, ದುಡಿಯಲು, ಹೊರಗೆ ಹೋದವಳು ವಾಪಸ್ ಬರಲು ನನಗಿರುವ ಹಕ್ಕೆಲ್ಲ ಅದರಲ್ಲಿದೆ. ಅದಿಲ್ಲದೆ ಮೆಡೆಯಿನ್‌ನಿಂದ ಫ್ರಾಂಕ್‌ಫರ್ಟ್ ವಿಮಾನ ಹತ್ತಲು ಬಿಡುವುದಿಲ್ಲ. ಹೊಸದು ಮಾಡಿಸಲು ವಿದೇಶೀಯರ ಕಚೇರಿಯ ಅಪಾಯಿಂಟ್‌ಮೆಂಟ್ ಸಿಗಬೇಕು, ಆ ಅಪಾಯಿಂಟ್‌ಮೆಂಟಿಗೆ ನಾನು ಜರ್ಮನಿಯಲ್ಲಿರಬೇಕು. ಅಷ್ಟರಲ್ಲಿ ರೆನ್ನಿಂಗೆನ್‌ನವರು ನನ್ನ ಕುರ್ಚಿಯಲ್ಲಿ ಬೇರೆಯವರನ್ನು ಕೂರಿಸಿರುತ್ತಾರೆ.

"ಕಾರ್ಡ್ ಹೋಗುದಿಲ್ಲ," ಎಂದೆ. "ಹೋಗದ ಹಾಗೆ ನೋಡ್ಕೊಳ್ತೇನೆ."

"ಇದಂತೂ ಡೈಲಾಗ್ ಸಹ ಅಲ್ಲ."

ಹಿಂದಿರುಗುವಾಗ ಟ್ರಾಮಿನಲ್ಲಿ ಯೋಚಿಸಿದೆ. ಇಲ್ಲಿ ಟ್ರಾಮ್ ಹತ್ತುವಾಗ ಗೇಟಿಲ್ಲ, ಕಂಡಕ್ಟರಿಲ್ಲ, ಟಿಕೆಟ್ ಕೇಳುವವರಿಲ್ಲ. ಬಂದ ಹೊಸತರಲ್ಲಿ ನಮ್ಮವರೆಲ್ಲ ಮೂಗಿನ ಮೇಲೆ ಬೆರಳಿಡುತ್ತಾರೆ: ಎಂಥ ನಂಬಿಕೆಯ ದೇಶ! ಆಮೇಲೊಂದು ದಿನ ಪಕ್ಕದಲ್ಲಿ ಇಯರ್‌ಫೋನ್ ಹಾಕಿಕೊಂಡು ತಲೆದೂಗುತ್ತಿದ್ದ ಜೀನ್ಸ್ ಹುಡುಗಿ ಜೇಬಿನಿಂದ ಗುರುತಿನ ಬಿಲ್ಲೆ ತೆಗೆದು "ಟಿಕೆಟ್ ತೋರಿಸಿ" ಎನ್ನುತ್ತಾಳೆ. ನಂಬುತ್ತಾರೆ, ಹೌದು. ಆದರೆ ಸಾದಾ ಉಡುಪಿನಲ್ಲಿ ಬಂದು ಪರೀಕ್ಷೆ ಮಾಡುತ್ತಾರೆ. ನನಗೆ ಜರ್ಮನಿ ಹಿಡಿಸಿದ್ದೇ ಇದಕ್ಕೆ.

ಅಬ್‌ಸ್ಟಾಟ್

ಅಬ್‌ಸ್ಟಾಟ್‌ನಲ್ಲಿ ನನ್ನ ಅಕ್ಕ ಇದ್ದಾಳೆ. ಅಲ್ಲಿನ ದೊಡ್ಡ ವಾಹನ ತಂತ್ರಜ್ಞಾನ ಕೇಂದ್ರದಲ್ಲಿ ಭಾವನಿಗೆ ಕೆಲಸ. ಊರಿನ ಸುತ್ತ ದ್ರಾಕ್ಷಿ ತೋಟ, ನಡುವೆ ಎರಡು ಬೇಕರಿ, ಮತ್ತೆ ಮೌನ. ಇದುವರೆಗಿನ ನನ್ನ ಪ್ರವಾಸಗಳೆಲ್ಲ ಅಕ್ಕ, ಭಾವ, ಅವರ ರೈಸ್ ಕುಕ್ಕರ್ ಜೊತೆಗೇ ಆದವು. ಒಬ್ಬಳೇ ಹೋಗುತ್ತೇನೆಂದು ಹೇಳಲು ಹೋದಾಗ ಅಕ್ಕ ಪಕ್ಕದ ಮನೆಯವಳಿಗೆ ಚಕ್ಕುಲಿ ಕರಿಯುತ್ತಿದ್ದಳು.

ಅದೊಂದು ಮುಗಿಯದ ಕಥೆ. ಎರಡು ವರ್ಷದ ಹಿಂದೆ ಪಕ್ಕದ ಮನೆಯ ಜರ್ಮನ್ ಹೆಂಗಸು ಒಂದು ತಟ್ಟೆಯಲ್ಲಿ ಪ್ಲಮ್ ಕೇಕು ಕೊಟ್ಟಿದ್ದಳು. ಖಾಲಿ ಪಾತ್ರೆ ವಾಪಸ್ ಕೊಡಬಾರದು ಎನ್ನುವುದು ನಮ್ಮಮ್ಮನ ಕಾನೂನು; ಒಂದು ಚಮಚ ಸಕ್ಕರೆಯಾದರೂ ಹಾಕಿಯೇ ಕೊಡಬೇಕು. ಅಕ್ಕ ತಟ್ಟೆ ತೊಳೆದು ಚಕ್ಕುಲಿ ಇಟ್ಟು ಕೊಟ್ಟಳು. ಆ ಹೆಂಗಸಿಗೆ ಇದು ಹೊಸ ಉಡುಗೊರೆ ಅನ್ನಿಸಿತು, ಉತ್ತರವಾಗಿ ಬಿಸ್ಕತ್ತು ಕೊಟ್ಟಳು. ಅಕ್ಕ ಉಂಡೆ ಕೊಟ್ಟಳು. ಅಂದಿನಿಂದ ಆ ತಟ್ಟೆ ಎರಡು ಮನೆಗಳ ನಡುವೆ ಓಡಾಡುತ್ತಲೇ ಇದೆ. ನಿಲ್ಲಿಸುವುದು ಹೇಗೆಂದು ಇಬ್ಬರಿಗೂ ತಿಳಿಯದು.

"ಕಾರ್ಡ್ ಹೋದ್ರೆ ಎಂತ ಮಾಡ್ತಿ ಹೆಣ್ಣೇ?" ಅಕ್ಕ ಬಾಣಲೆಯಿಂದ ಕಣ್ಣು ತೆಗೆಯದೆ ಕೇಳಿದಳು. "ಅಲ್ಲಿಂದ ಸೀದಾ ಮಂಗ್ಳೂರಿಗೆ ಕಳಿಸ್ತಾರೆ. ರೆನ್ನಿಂಗೆನ್ ಕೆಲ್ಸಕ್ಕೆ ಯಾರು ಹೋಗುದು, ನಾನು ಹೋಗ್ಲಾ?"

"ನಿಂಗೂ ಇಮ್ರಾನಿಗೂ ಒಂದೇ ಪಾಯಿಂಟ್. ಬೇರೆ ಏನಾದ್ರೂ ಇದ್ರೆ ಹೇಳು."

"ಆ ಒಂದೇ ಪಾಯಿಂಟಿಗೆ ನೀನು ಉತ್ತರ ಕೊಡ್ಲಿಲ್ಲ ಅಲ್ವಾ?"

ಚರ್ಚೆಯಲ್ಲಿ ನಾನು ಸೋಲುವುದು ಅಕ್ಕನ ಎದುರು ಮಾತ್ರ. ಅವಳು ಎಲ್ಲಿಯೂ ತರಬೇತಿ ಪಡೆದಿಲ್ಲ.

"ನೀನು ಹಿಡಿದ ರೂಮಲ್ಲಿ ಲಾಕರ್ ಉಂಟಂತೆ," ಎಂದು ಭಾವ ಮಧ್ಯೆ ಬಂದರು. "ಅದ್ರಲ್ಲಿಟ್ಟು ಫೋಟೊಕಾಪಿ ತಗೊಂಡು ತಿರುಗು. ಎಲ್ರೂ ಹಾಗೇ ಮಾಡುದು."

"ಎಲ್ರೂ ಹಾಗೇ ಮಾಡ್ತಾರೆ ಅಂತ ಕಳ್ಳನಿಗೂ ಗೊತ್ತಿರ್ತದಲ್ವಾ ಭಾವ? ಲಾಕರ್ ಅಂದ್ರೆ 'ಇಲ್ಲಿ ನೋಡು' ಅಂತ ಬೋರ್ಡ್ ಹಾಕಿದ ಹಾಗೆ."

ನನ್ನ ವಾದ ಹೀಗಿತ್ತು. ಕಳ್ಳ ಬೆಲೆಬಾಳುವ ವಸ್ತು ಇರುವ ಜಾಗ ಹುಡುಕುತ್ತಾನೆ, ಆದ್ದರಿಂದ ಬೆಲೆಯೇ ಇಲ್ಲದ ಜಾಗದಲ್ಲಿ ಇಡಬೇಕು. ಇಟ್ಟ ಜಾಗವನ್ನು ಆಗಾಗ ಬದಲಿಸಬೇಕು. ಪಾಸ್‌ಪೋರ್ಟನ್ನೂ ಕಾರ್ಡನ್ನೂ ಒಟ್ಟಿಗೆ ಇಡಲೇಬಾರದು. ಅಕ್ಕ ದಾರಿಗೆಂದು ಒಗ್ಗರಣೆ ಅವಲಕ್ಕಿ ಮಾಡಿ ಎರಡು ಜಿಪ್ ಕವರಿನಲ್ಲಿ ತುಂಬಿಕೊಟ್ಟಾಗ ನನಗೆ ಜಾಗ ಹೊಳೆಯಿತು. ಹಸಿಮೆಣಸು ಹುರಿದು, ಇಂಗು ಧಾರಾಳವಾಗಿ ಹಾಕಿದ ಅವಲಕ್ಕಿ. ಕವರು ತೆರೆದರೆ ಹತ್ತು ಅಡಿ ದೂರದವನೂ ಮುಖ ತಿರುಗಿಸಬೇಕು. ಯಾವ ಕೊಲಂಬಿಯಾದ ಕಳ್ಳ ಅದರೊಳಗೆ ಕೈಹಾಕುತ್ತಾನೆ?

"ಅವಲಕ್ಕಿಯೊಳಗೆ ಜರ್ಮನಿಯನ್ನು ಇಡ್ತಾಳಂತೆ," ಅಕ್ಕ ಭಾವನಿಗೆ ಹೇಳಿದಳು. ಸೋಫಾದಲ್ಲಿದ್ದ ಅವಳ ಮಗಳು ತಲೆ ಎತ್ತದೆ ಜರ್ಮನ್ ಭಾಷೆಯಲ್ಲಿ, ಚಿಕ್ಕಮ್ಮನಿಗೆ ಹುಚ್ಚು ಎಂದಳು.

ಫ್ರಾಂಕ್‌ಫರ್ಟ್, ಚೆಕ್-ಇನ್ ಕೌಂಟರ್

ನನ್ನನ್ನು ಮೊದಲು ಅನುಮಾನಿಸಿದ್ದು ಕೊಲಂಬಿಯಾದವರಲ್ಲ. ಕೌಂಟರಿನ ಮಹಿಳೆ ನನ್ನ ಪಾಸ್‌ಪೋರ್ಟ್ ನೋಡಿ ವೀಸಾ ಎಲ್ಲಿ ಎಂದರು. ಕಾರ್ಡ್ ಕೊಟ್ಟೆ. ಅದನ್ನು ಬೆಳಕಿಗೆ ಹಿಡಿದರು, ಉಗುರಿನಿಂದ ಗೀರಿದರು, ಪಕ್ಕದವರಿಗೆ ತೋರಿಸಿದರು, ಯಾರಿಗೋ ಫೋನು ಮಾಡಿದರು. ನಿಯಮವನ್ನು ಮುದ್ರಿಸಿಕೊಂಡೇ ಹೋಗಿದ್ದೆ; ಗೆರೆ ಎಳೆದ ಸಾಲನ್ನು ಅವರ ಮುಂದೆ ತಳ್ಳಿದೆ. ಅವರು ಅದನ್ನು ಓದಲಿಲ್ಲ, ನನ್ನನ್ನೇ ನೋಡಿದರು. ಇಷ್ಟೊಂದು ತಯಾರಿ ಮಾಡಿಕೊಂಡು ಬಂದವಳು ಏನನ್ನೋ ಮುಚ್ಚಿಡುತ್ತಿರಬೇಕು ಎಂಬ ನೋಟ.

ಬೋರ್ಡಿಂಗ್ ಪಾಸ್ ಕೊಟ್ಟರು. ಆದರೆ ವಿಮಾನ ಏರುವವರೆಗೂ ನನ್ನ ಕಿವಿ ಬಿಸಿಯಾಗಿಯೇ ಇತ್ತು. ನಾನು ಇನ್ನೊಬ್ಬರನ್ನು ಅನುಮಾನಿಸಿದರೆ ಅದು ತರ್ಕ. ನನ್ನನ್ನು ಅನುಮಾನಿಸಿದರೆ ಅವಮಾನ. ಈ ನಿಲುವಿನಲ್ಲಿ ಎಲ್ಲೋ ಒಂದು ತೂತಿದೆ ಎಂದು ಅಟ್ಲಾಂಟಿಕ್ ಮೇಲೆ ಎಲ್ಲೋ ಗೊತ್ತಾಯಿತು. ಊಟ ಬಂತು, ಮರೆತುಬಿಟ್ಟೆ.

ಮೆಡೆಯಿನ್, ಮರ್ಲೇನಿಯವರ ಮನೆ

ವಿಮಾನ ನಿಲ್ದಾಣ ಇರುವುದು ಬೆಟ್ಟದ ಮೇಲೆ, ಊರು ಕೆಳಗೆ. ಉದ್ದನೆಯ ಸುರಂಗ ದಾಟಿ ಟ್ಯಾಕ್ಸಿ ಹೊರಬಂದಾಗ ಕಣಿವೆಯ ತುಂಬ ಇಟ್ಟಿಗೆ ಬಣ್ಣ ಕಂಡಿತು. ಮನೆಗಳು ಒಂದರ ಹೆಗಲ ಮೇಲೊಂದು ಕಾಲಿಟ್ಟು ಬೆಟ್ಟ ಹತ್ತಿದ್ದವು. ಚಂದವಿತ್ತು, ಒಪ್ಪುತ್ತೇನೆ. ಚಂದದ ಬಗ್ಗೆ ನನ್ನ ತಕರಾರಿರಲಿಲ್ಲ.

ನಾನು ಕೋಣೆ ಹಿಡಿದದ್ದು ಮರಗಳ ನೆರಳಿರುವ ಶಾಂತ ಬಡಾವಣೆಯ ಹಳೆಯ ಅಪಾರ್ಟ್‌ಮೆಂಟಿನಲ್ಲಿ. ಮನೆಯೊಡತಿ ಮರ್ಲೇನಿ, ಅಮ್ಮನ ವಯಸ್ಸಿನವರು, ಗಿಡ್ಡ ಕೂದಲು, ಕುತ್ತಿಗೆಯಲ್ಲಿ ಕನ್ನಡಕದ ದಾರ. ಅಲ್ಲಿ ಹಿರಿಯ ಹೆಂಗಸರನ್ನು ಹೆಸರಿನ ಮುಂದೆ ದೋನ್ಯಾ ಸೇರಿಸಿ ಕರೆಯುತ್ತಾರೆ, ನಮ್ಮ 'ಅಮ್ಮ' ಹೆಸರಿನ ಹಿಂದೆ ಬಂದ ಹಾಗೆ. ನನ್ನ ಸ್ಪ್ಯಾನಿಷ್ ಫೋನಿನಲ್ಲಿ ಕಲಿತದ್ದು. ಅವರಿಗೆ ಸ್ಪ್ಯಾನಿಷ್ ಬಿಟ್ಟು ಬೇರೆ ಬಾರದು. ಉಳಿದದ್ದನ್ನು ಫೋನಿನ ಅನುವಾದಕ ನೋಡಿಕೊಳ್ಳುತ್ತಿತ್ತು.

"ಬಾ ಮಗಳೇ," ಎಂದು ಬ್ಯಾಗಿಗೆ ಕೈಹಾಕಿದರು. ಬ್ಯಾಗು ಬಿಡಲಿಲ್ಲ. ಅವರೂ ಬಿಡಲಿಲ್ಲ. ಹಾಗೇ ಇಬ್ಬರೂ ಎಳೆದುಕೊಂಡು ಕೋಣೆಯವರೆಗೆ ಹೋದೆವು. ಮಗಳೇ! ಹೆಸರು ಕೇಳುವ ಮೊದಲೇ ಮಗಳು. ದಾರಿಯಲ್ಲಿ ಟ್ಯಾಕ್ಸಿಯವನು 'ನನ್ನ ರಾಣಿ' ಎಂದಿದ್ದ, ನೀರಿನ ಬಾಟಲಿ ಮಾರಿದವಳು 'ನನ್ನ ಪ್ರೀತಿ' ಎಂದಿದ್ದಳು. ಡಾರ್ಮ್‌ಸ್ಟಾಟ್‌ನಲ್ಲಿ ನನ್ನ ಮೇಲಿನ ಮನೆಯವನು ನಾಲ್ಕು ವರ್ಷದಲ್ಲಿ 'ಹಲೋ' ಮಾತ್ರ ಅಂದಿದ್ದಾನೆ, ಆದರೆ ಆ ಹಲೋವನ್ನು ನಾನು ಕಣ್ಣು ಮುಚ್ಚಿ ನಂಬಬಲ್ಲೆ.

ಕೋಣೆಯಲ್ಲಿ ಲಾಕರ್ ಇತ್ತು. ಅದರೊಳಗೆ ಖಾಲಿ ಪರ್ಸು ಇಟ್ಟು ಬೀಗ ಹಾಕಿದೆ, ಕಳ್ಳನಿಗೂ ಏನಾದರೂ ಕೆಲಸವಿರಲಿ ಎಂದು. ಪಾಸ್‌ಪೋರ್ಟ್ ಬನಿಯನ್ನಿನ ಒಳಗೆ. ಕಾರ್ಡು ಒಂದು ಸಣ್ಣ ಕವರಿನಲ್ಲಿ ಸೇರಿ ಅವಲಕ್ಕಿಯ ಹೊಟ್ಟೆಯೊಳಗೆ. ಮರುದಿನ ಅಲ್ಲಿಂದ ಸ್ಯಾನಿಟರಿ ಪ್ಯಾಡಿನ ಪೊಟ್ಟಣಕ್ಕೆ. ಅದರ ಮರುದಿನ ಬೆಳಿಗ್ಗೆ ಮರ್ಲೇನಿ ಹಾಸಿಗೆ ಬಟ್ಟೆ ಬದಲಿಸುತ್ತೇನೆ ಎಂದಾಗ ಆ ಪೊಟ್ಟಣ ಮೇಜಿನ ಮೇಲೆ ತೀರಾ ಬಯಲಾಗಿ ಕಂಡಿತು, ಅವಸರದಲ್ಲಿ ಮತ್ತೆ ಅವಲಕ್ಕಿಗೆ.

ಆ ಸಂಜೆ ತಿರುಗಾಡಿ ಬಂದು ಕೂತಿದ್ದೆ. ಬಾಗಿಲು ತಟ್ಟಿ ಮರ್ಲೇನಿ ಒಂದು ಹಿಡಿಕೆಯ ಅಲ್ಯೂಮಿನಿಯಂ ಪಾತ್ರೆ ತಂದುಕೊಟ್ಟರು. ಒಳಗೆ ಕಂದು ಬಣ್ಣದ ಬಿಸಿ ದ್ರವ, ದಾಲ್ಚಿನ್ನಿಯ ವಾಸನೆ. ಜೊತೆಗೆ ಒಂದು ತುಂಡು ಗಿಣ್ಣು. "ಕುಡಿ ಮಗಳೇ, ಬಿಸಿಯಿರುವಾಗಲೇ." ನಿಂತೇ ಇದ್ದರು. ನಾನು ಕುಡಿಯುವುದನ್ನು ನೋಡಲು ನಿಂತಿದ್ದಾರೆ!

ನೀವೇ ಹೇಳಿ. ಗುರುತಿಲ್ಲದ ಊರು, ಒಬ್ಬಳೇ ಹುಡುಗಿ, ಕೇಳದೆ ತಂದ ಪಾನೀಯ, ಕುಡಿಯಲು ಒತ್ತಾಯ. ಎಚ್ಚರಿಕೆಯ ಪುಟದಲ್ಲಿದ್ದ ಪ್ರತಿಯೊಂದು ಅಂಶವೂ ಪಾತ್ರೆಯ ರೂಪದಲ್ಲಿ ನನ್ನ ಕೈಯಲ್ಲಿತ್ತು. ನಕ್ಕೆ, ತಲೆಯಾಡಿಸಿದೆ, ಸ್ನಾನಕ್ಕೆ ಹೋಗಬೇಕು ಎಂದು ಸನ್ನೆ ಮಾಡಿದೆ. ಬಾಗಿಲು ಹಾಕಿಕೊಂಡು ಅಷ್ಟನ್ನೂ ವಾಶ್‌ಬೇಸಿನ್ನಿಗೆ ಸುರಿದೆ.

ಪಾತ್ರೆ ತೊಳೆದೆ. ತೊಳೆದ ಖಾಲಿ ಪಾತ್ರೆ ಕೈಯಲ್ಲಿ ಹಿಡಿದು ಬಾಗಿಲ ತನಕ ಹೋದೆ, ಮುಂದೆ ಕಾಲು ಏಳಲಿಲ್ಲ. ಅನುಮಾನಕ್ಕೆ ನನ್ನಲ್ಲಿ ತರ್ಕವಿತ್ತು, ಖಾಲಿ ಪಾತ್ರೆಗೆ ಇರಲಿಲ್ಲ. ಅಮ್ಮನ ಕಾನೂನು ತಲೆಯಲ್ಲಿ ಇರುವುದಿಲ್ಲ, ಕೈಯಲ್ಲಿರುತ್ತದೆ. ಕೈ ತಾನಾಗಿ ಬ್ಯಾಗಿಗೆ ಹೋಯಿತು. ಎರಡು ಅವಲಕ್ಕಿ ಕವರುಗಳಲ್ಲಿ ಒಂದನ್ನು ಅರ್ಧ ತಿಂದಿದ್ದೆ. ಕೊಡುವಾಗ ತುಂಬಿದ್ದನ್ನೇ ಕೊಡಬೇಕಲ್ಲ? ತುಂಬಿದ ಕವರನ್ನು ಪಾತ್ರೆಯೊಳಗಿಟ್ಟು ಅಡುಗೆಮನೆಗೆ ಒಯ್ದೆ.

"ಕಾಫಿ ಬಹಳ ಚೆನ್ನಾಗಿತ್ತು, ದೋನ್ಯಾ ಮರ್ಲೇನಿ."

ಅವರ ಕೈ ಒಂದು ಕ್ಷಣ ನಿಂತಿತು. "ಕಾಫಿ?" ಎಂದರು. ಆಮೇಲೆ ನಕ್ಕು ಪಾತ್ರೆ ತೆಗೆದುಕೊಂಡರು. ಆ ನಗು ಸ್ವಲ್ಪ ತಡವಾಗಿ ಬಂದದ್ದನ್ನು ಗಮನಿಸಿದೆ. ಕುಡಿದರೂ ಇವಳಿಗೇನೂ ಆಗಲಿಲ್ಲ, ಕೆಲಸ ಕೆಟ್ಟಿತಲ್ಲ ಎಂದು ನಿರಾಸೆಯಾಗಿರಬೇಕು ಎಂದು ಅರ್ಥ ಮಾಡಿಕೊಂಡೆ.

ಬೆಟ್ಟದ ಮೇಲೆ

ಮರುದಿನ ಮೆಟ್ರೊ ಹತ್ತಿದೆ. ಅದರ ಮುಂದೆ ಫ್ರಾಂಕ್‌ಫರ್ಟಿನ ರೈಲು ನಾಚಬೇಕು. ಒಂದು ಗೀರಿಲ್ಲ, ಸೀಟಿನ ಮೇಲೆ ಒಂದು ಅಕ್ಷರವಿಲ್ಲ. ನೆಲದ ಮೇಲೆ ಕೂತಿದ್ದ ಕಾಲೇಜು ಹುಡುಗರನ್ನು ಒಬ್ಬ ಅಜ್ಜಿ ಕಣ್ಣಲ್ಲೇ ಎಬ್ಬಿಸಿದಳು. ಆಮೇಲೆ ನನ್ನ ಕಡೆ ತಿರುಗಿ ನನ್ನ ಬೆನ್ನುಚೀಲಕ್ಕೆ ಬೆರಳು ತೋರಿಸಿ ಏನೋ ಹೇಳಿದಳು. ಫೋನು ಹಿಡಿದೆ. ಪಪ್ಪಾಯಿ ಕೊಡಬೇಡ, ಎಂದು ಬಂತು. ಪಕ್ಕದವರೆಲ್ಲ ನಕ್ಕರು. ಎದುರು ಸೀಟಿನ ಯುವಕ ಇಂಗ್ಲಿಷಿನಲ್ಲಿ ಬಿಡಿಸಿ ಹೇಳಿದ: ಅದು ಅಲ್ಲಿಯ ಗಾದೆ. ಹೆಚ್ಚಿಟ್ಟ ಪಪ್ಪಾಯಿಯ ಹಾಗೆ ನಿನ್ನನ್ನು ನೀನೇ ಎದುರಿಗಿಟ್ಟರೆ ಯಾರಾದರೂ ತಿನ್ನುತ್ತಾರೆ, ಚೀಲ ಎದೆಯ ಮೇಲೆ ಹಾಕಿಕೋ.

ಅಜ್ಜಿ ನನ್ನ ಚೀಲವನ್ನು ತಾನೇ ತಿರುಗಿಸಿ ಎದೆಗೆ ಕಟ್ಟಿದಳು, ಕೆನ್ನೆ ತಟ್ಟಿದಳು. ಜೀವನದಲ್ಲಿ ಮೊದಲ ಬಾರಿ, ಯಾರನ್ನೂ ನಂಬಬೇಡ ಎಂದು ಇಷ್ಟು ಅಕ್ಕರೆಯಿಂದ ಹೇಳುವವರನ್ನು ಕಂಡೆ.

ಮೆಟ್ರೊ ಇಳಿದು ಕೇಬಲ್ ಕಾರಿನಲ್ಲಿ ಬೆಟ್ಟ ಹತ್ತಿದೆ. ಅದು ಪ್ರವಾಸಿಗರ ಆಟಿಕೆಯಲ್ಲ. ಸೌತೆ-ಟೊಮೆಟೊ ಚೀಲ ಹಿಡಿದ ಹೆಂಗಸರು, ಸಮವಸ್ತ್ರದ ಮಕ್ಕಳು, ಏಣಿ ಹೊತ್ತ ಕೆಲಸಗಾರ ಅದರಲ್ಲೇ ಮನೆಗೆ ಹೋಗುತ್ತಾರೆ. ಕಾಲ ಕೆಳಗೆ ತಗಡಿನ ಮಾಡುಗಳು, ಒಣಹಾಕಿದ ಬಟ್ಟೆ, ಆಕಾಶಕ್ಕೆ ಬೊಗಳುವ ನಾಯಿ. ಮೇಲೆ ಒಬ್ಬಳು ಎಳೆ ಮಾವಿನಕಾಯಿಯನ್ನು ಎಳೆಎಳೆಯಾಗಿ ಹೆಚ್ಚಿ ಉಪ್ಪು, ಲಿಂಬೆ ಹಾಕಿ ಮಾರುತ್ತಿದ್ದಳು. ನನ್ನೆದುರೇ ಹೆಚ್ಚಿದ್ದರಿಂದ ತಿಂದೆ. ಖಾರದ ಪುಡಿ ಒಂದು ಬಿಟ್ಟರೆ ಅದು ಮಂಗಳೂರಿನ ಪಣಂಬೂರು ಬೀಚಿನದ್ದೇ ರುಚಿ. ಈ ಊರಿನ ತಿಂಡಿಯ ಬಗ್ಗೆ ನಾನು ಬರೆದ ಮೊದಲ ಒಳ್ಳೆಯ ಮಾತು ಆ ಮಾವಿನಕಾಯಿಗೆ ಸಲ್ಲಬೇಕು. ಅದೂ ಸಾಕ್ಷ್ಯಾಧಾರವಿದ್ದ ಕಾರಣಕ್ಕೆ.

ಕೊನೆಯ ಮಧ್ಯಾಹ್ನ

ನಾಳೆ ವಿಮಾನ. ಮಧ್ಯಾಹ್ನ ಊಟ ಮುಗಿಸಿ ಬ್ಯಾಗು ಕಟ್ಟಲು ಕೂತೆ. ಪ್ಯಾಡಿನ ಪೊಟ್ಟಣ ತೆರೆದೆ. ಕಾರ್ಡಿಲ್ಲ. ಒಂದೊಂದೇ ಪ್ಯಾಡು ಹೊರಗೆ ತೆಗೆದೆ. ಇಲ್ಲ. ಚೀಲ ಮಗುಚಿದೆ, ಹಾಸಿಗೆ ಎತ್ತಿದೆ, ಲಾಕರಿನಲ್ಲಿ ಖಾಲಿ ಪರ್ಸು ನನ್ನನ್ನು ನೋಡಿ ನಕ್ಕಿತು. ಅರ್ಧ ತಿಂದ ಅವಲಕ್ಕಿಯೊಳಗೆ ಮೊಣಕೈ ತನಕ ಕೈಹಾಕಿದೆ. ಇಲ್ಲ.

ಸೋಮವಾರ ರೆನ್ನಿಂಗೆನ್. ಅಲ್ಲಿಯ ಗೇಟಿನಲ್ಲಿ ನನ್ನ ಹೆಸರಿನ ಬ್ಯಾಡ್ಜು ತಯಾರಾಗಿದೆ ಎಂದು ಬಂದಿದ್ದ ಇಮೇಲು. ಅದೆಲ್ಲ ಈಗ ಬೇರೆ ಯಾರದೋ ಬದುಕಿನ ಹಾಗೆ ದೂರ ಕಂಡಿತು.

ಭಯವಾದಾಗ ಕೆಲವರು ಅಳುತ್ತಾರೆ. ನಾನು ವಾದ ಕಟ್ಟುತ್ತೇನೆ. ಪಾನೀಯ ತಂದದ್ದು ಯಾರು? ಹಾಸಿಗೆ ಬಟ್ಟೆಯ ನೆಪದಲ್ಲಿ ಕೋಣೆಗೆ ಬಂದದ್ದು ಯಾರು? ಇನ್ನೊಂದು ಬೀಗದ ಕೈ ಯಾರ ಹತ್ತಿರವಿದೆ? ಮೂರಕ್ಕೂ ಒಂದೇ ಹೆಸರು. ಅಡುಗೆಮನೆಗೆ ಹೋದೆ.

"ದೋನ್ಯಾ ಮರ್ಲೇನಿ, ನನ್ನ ಕೋಣೆಗೆ ಬಂದಿದ್ದಿರಾ?"

"ಬಂದಿದ್ದೆ. ಹಾಸಿಗೆ ಬಟ್ಟೆ ಹಾಕಿದೆ, ನಿನಗೆ ಹೇಳಿಯೇ ಬಂದೆನಲ್ಲ?"

"ನನ್ನ ವಸ್ತು ಮುಟ್ಟಿದ್ದಿರಾ?"

ಫೋನು ಈ ಪ್ರಶ್ನೆಯನ್ನು ಹೆಂಗಸಿನ ಸಪ್ಪೆ ದನಿಯಲ್ಲಿ ಸ್ಪ್ಯಾನಿಷಿಗೆ ತಿರುಗಿಸಿತು. ಮರ್ಲೇನಿ ಕನ್ನಡಕ ಏರಿಸಿದರು. "ಏನು ಹೋಗಿದೆ?"

"ಕಾರ್ಡು. ಅದಿಲ್ಲದೆ ನಾನು ಮನೆಗೆ ಹೋಗಲಾರೆ."

ಅವರು ಅಡುಗೆಮನೆಯ ಖಾನೆಗಳನ್ನು ಒಂದೊಂದಾಗಿ ಎಳೆದು ನನ್ನ ಮುಂದೆ ನೆಲದ ಮೇಲೆ ಇಟ್ಟರು. ಚಮಚಗಳು, ಬಟ್ಟೆ ಕ್ಲಿಪ್ಪುಗಳು, ದಾರದುಂಡೆ. ತಮ್ಮ ಕೈಚೀಲ ಬಿಚ್ಚಿ ಮೇಜಿನ ಮೇಲೆ ಸುರಿದರು. "ನೋಡು," ಎಂದರು. "ಎಲ್ಲ ನೋಡು. ಆಮೇಲೆ ನನ್ನ ಮುಖ ನೋಡು."

ಮುಖ ನೋಡಲಿಲ್ಲ. ಗೋಡೆಯ ಮೊಳೆಗೆ ತೂಗುಹಾಕಿದ್ದ ಆ ಹಿಡಿಕೆಯ ಪಾತ್ರೆ ಕಂಡಿತು. ಅದರ ಮೇಲೆ ಕಣ್ಣು ನಿಂತಾಗ, ಹಾಸಿಗೆ ಬಟ್ಟೆ ಬದಲಿಸಿದ ಬೆಳಿಗ್ಗೆ ಪ್ಯಾಡಿನ ಪೊಟ್ಟಣದಿಂದ ಕಾರ್ಡು ತೆಗೆದು ಅವಸರದಲ್ಲಿ ಎಲ್ಲಿಗೆ ತುರುಕಿದೆ ಎನ್ನುವುದು ನೆನಪಾಯಿತು. ತುಂಬಿದ ಕವರಿಗೆ. ಕುಡಿದವರು ತಮ್ಮದೆಲ್ಲವನ್ನೂ ತಾವೇ ಎತ್ತಿ ಕೊಡುತ್ತಾರಂತೆ! ನಾನು ಒಂದು ಹನಿ ಕುಡಿಯದೆ, ಪೂರ್ತಿ ಎಚ್ಚರದಲ್ಲಿ, ನನ್ನ ಜರ್ಮನಿಯನ್ನು ಪಾತ್ರೆಯಲ್ಲಿಟ್ಟು ನಗುತ್ತಾ ಕೊಟ್ಟುಬಂದಿದ್ದೆ.

"ನಾನು ಕೊಟ್ಟ ಪೊಟ್ಟಣ ಎಲ್ಲಿ?"

ಈ ಬಾರಿ ಅವರ ಮುಖ ಬದಲಾಯಿತು. "ಅದು... ತಿಂದೆ. ಚೆನ್ನಾಗಿತ್ತು."

"ಅಷ್ಟನ್ನೂ?"

"ಅಷ್ಟನ್ನೂ."

"ರುಚಿ ಹೇಗಿತ್ತು?"

ಮರ್ಲೇನಿ ಕ್ಷಣ ಯೋಚಿಸಿದರು. "ಸಿಹಿ," ಎಂದರು.

ಅಕ್ಕನ ಅವಲಕ್ಕಿಯಲ್ಲಿ ಇಂಗು, ಉಪ್ಪು, ಎಣಿಸಲಾರದಷ್ಟು ಹಸಿಮೆಣಸು! ಸಾಕ್ಷಿ ಸುಳ್ಳು ಹೇಳಿ ಸಿಕ್ಕಿಬಿದ್ದಾಗ ಆಗುವ ಖುಷಿ, ನನ್ನ ಬದುಕೇ ಮುಳುಗುತ್ತಿದ್ದ ಆ ಹೊತ್ತಿನಲ್ಲೂ ಆಯಿತು, ಹೇಳಲು ನಾಚಿಕೆಯಾಗುತ್ತದೆ. "ಸಿಹಿ ಅಲ್ಲ," ಎಂದೆ. "ನೀವು ತಿಂದಿಲ್ಲ."

ಮರ್ಲೇನಿ ಕಪಾಟಿನ ಬಾಗಿಲು ದಡಾರನೆ ತೆರೆದರು. ಕಂದು ಬಣ್ಣದ ಒಂದು ದಪ್ಪ ಅಚ್ಚನ್ನು ತೆಗೆದು ಮೇಜಿಗೆ ಕುಕ್ಕಿದರು. "ನೀನು ಕುಡಿದದ್ದು ಕಾಫಿಯೇ? ನಿನಗೆ ಕೊಟ್ಟದ್ದು ಇದನ್ನು ನೀರಲ್ಲಿ ಕುದಿಸಿದ್ದು. ಇದರಲ್ಲಿ ಕಾಫಿ ಎಲ್ಲಿಂದ ಬಂತು? ಕೊಟ್ಟದ್ದನ್ನು ಚೆಲ್ಲಿ, ಚೆನ್ನಾಗಿತ್ತು ಎಂದು ಸುಳ್ಳು ಹೇಳಿ, ಹಳದಿ ಹಳದಿಯಾದ ಏನನ್ನೋ ಕೈಗಿಟ್ಟೆ. ನನ್ನದನ್ನು ಕುಡಿಯದವಳು ಕೊಟ್ಟದ್ದನ್ನು ನಾನು ಯಾಕೆ ತಿನ್ನಲಿ? ಒಬ್ಬಳೇ ಬರುತ್ತೀಯ, ಚೀಲ ಮುಟ್ಟಲು ಬಿಡುವುದಿಲ್ಲ, ಮಾತಿಗೆ ಮೊದಲು ಬಾಗಿಲು ಹಾಕುತ್ತೀಯ. ನಾನೂ ಒಬ್ಬಳೇ ಇರುವವಳು, ಮಗಳೇ. ಕಸಕ್ಕೆ ಹಾಕಿದೆ!"

ಫೋನು ಇದನ್ನೆಲ್ಲ ಏರಿಳಿತವಿಲ್ಲದೆ ಓದಿ ಮುಗಿಸಿತು. ನಾನು ಮೇಜಿನ ಮೇಲಿನ ಅಚ್ಚನ್ನು ನೋಡುತ್ತಿದ್ದೆ. ಅದು ಬೆಲ್ಲ. ನಮ್ಮ ಮನೆಯ ಡಬ್ಬಿಯಲ್ಲಿರುವ ಅದೇ ಬೆಲ್ಲ, ಅದೇ ಬಣ್ಣ, ಮೂಲೆಯಲ್ಲಿ ಚಾಕು ತಾಗಿದ ಅದೇ ಗುರುತು. ನಮ್ಮ ಕಡೆ ಬಿಸಿಲಿನಲ್ಲಿ ಬಂದವರು ಯಾರಾದರೂ ಸರಿ, ಹೆಸರು ಕೇಳುವ ಮೊದಲು ಬೆಲ್ಲ-ನೀರು ತಂದಿಡುತ್ತೇವೆ. ಮುಟ್ಟದೆ ಎದ್ದುಹೋದವರ ಬಗ್ಗೆ ಅಮ್ಮ ವರ್ಷಗಟ್ಟಲೆ ಮಾತಾಡುತ್ತಾಳೆ. ಅದನ್ನು ನಾನು ವಾಶ್‌ಬೇಸಿನ್ನಿಗೆ ಸುರಿದಿದ್ದೆ.

"ಕಾರ್ಡು ಆ ಪೊಟ್ಟಣದೊಳಗಿದೆ," ಎಂದೆ.

ಅವರು ಬಾಯಿಯ ಮೇಲೆ ಕೈಯಿಟ್ಟುಕೊಂಡರು. "ತಿಂಡಿಯೊಳಗೆ ಯಾರು ಕಾರ್ಡು ಇಡುತ್ತಾರೆ?"

ಅದಕ್ಕೆ ನನ್ನಲ್ಲಿ ಒಳ್ಳೆಯ ವಾದವೇ ಇತ್ತು. ಹೇಳಲಿಲ್ಲ.

ಕಸದ ಕೋಣೆ

ಆ ಕಟ್ಟಡದ ಕಸವೆಲ್ಲ ಕೆಳಗೆ, ಕಾವಲುಗಾರನ ಮೇಜಿನ ಹಿಂದಿನ ಒಂದು ಕೋಣೆಯಲ್ಲಿ ಸೇರುತ್ತದೆ. ಮರ್ಲೇನಿ ತಮ್ಮ ಕಸದ ಚೀಲವನ್ನು ಅಂದು ಬೆಳಿಗ್ಗೆಯಷ್ಟೇ ಇಳಿಸಿದ್ದರು. ಕಸದ ಲಾರಿ ಎಷ್ಟು ಹೊತ್ತಿಗೆ ಎಂದು ಕೇಳಿದರೆ ಕಾವಲುಗಾರ "ಈಗ ಬರುತ್ತೆ" ಎಂದ. ಆ 'ಈಗ' ನಮ್ಮ ಊರಿನ 'ಈಗ ಬಂದೆ'ಯ ಹಾಗೆ, ಮರುಕ್ಷಣವೂ ಆಗಬಹುದು, ಸಂಜೆಯೂ ಆಗಬಹುದು. ಜರ್ಮನಿಯಲ್ಲಾಗಿದ್ದರೆ ಲಾರಿಯ ವೇಳಾಪಟ್ಟಿ ಫ್ರಿಜ್ಜಿನ ಮೇಲೆ ಅಂಟಿಸಿರುತ್ತಿತ್ತು, ಮತ್ತು ಲಾರಿ ಖಂಡಿತ ಹೊರಟುಹೋಗಿರುತ್ತಿತ್ತು.

ಬಾಗಿಲು ತೆರೆದಾಗ ಕಪ್ಪು ಚೀಲಗಳ ಗುಡ್ಡೆ. ಮರ್ಲೇನಿ ಒಂದು ಜೊತೆ ರಬ್ಬರ್ ಕೈಗವಸು ತಂದಿದ್ದರು. ಒಂದನ್ನು ತಾವು ಹಾಕಿಕೊಂಡರು, ಒಂದನ್ನು ನನಗೆ ಕೊಟ್ಟರು. ತಲಾ ಒಂದೇ ಗವಸಿನ ಕೈಯಲ್ಲಿ ಹುಡುಕತೊಡಗಿದೆವು. ಅವರು ಚೀಲಗಳ ಗಂಟು ನೋಡುತ್ತಿದ್ದರು. "ನಾನು ಎರಡು ಗಂಟು ಹಾಕುತ್ತೇನೆ," ಎಂದರು. "ಈ ಕಟ್ಟಡದಲ್ಲಿ ಬೇರೆ ಯಾರೂ ಹಾಕುವುದಿಲ್ಲ. ಸೋಮಾರಿಗಳು."

ಹೊರಗೆ ಎಲ್ಲೋ ಲಾರಿಯ ಹಾರ್ನು ಕೇಳಿತು. ಕಾವಲುಗಾರ ರಸ್ತೆಗೆ ಹೋಗಿ ಇಣುಕಿ ಬಂದ. "ಮುಂದಿನ ತಿರುವಿನಲ್ಲಿದೆ."

ನಾನು ಗಂಟು ನೋಡುವುದನ್ನು ಬಿಟ್ಟು ಮೂಸತೊಡಗಿದೆ. ಬಾಳೆಸಿಪ್ಪೆ, ಕೊಳೆತ ಈರುಳ್ಳಿ, ಯಾರದೋ ಮಗುವಿನ ಡೈಪರ್. ಆಮೇಲೆ, ಆ ಎಲ್ಲದರ ನಡುವಿನಿಂದ ಸಣ್ಣಗೆ, ಅಬ್‌ಸ್ಟಾಟ್‌ನ ಅಕ್ಕನ ಅಡುಗೆಮನೆ. ಇಂಗು! "ಇಲ್ಲಿ!" ಎಂದು ಕನ್ನಡದಲ್ಲೇ ಕೂಗಿದೆ. ಮರ್ಲೇನಿ ನುಗ್ಗಿ ಬಂದು ಎರಡು ಗಂಟಿನ ಚೀಲವನ್ನು ಹರಿದರು. ಮೊಟ್ಟೆ ಚಿಪ್ಪಿನ ಕೆಳಗೆ ಜಿಪ್ ಕವರು, ಯಾರೂ ತೆರೆಯದ ಹಾಗೇ. ಅವರೇ ಅದನ್ನು ತೆರೆದು ಬರಿಗೈ ಒಳಗೆ ಹಾಕಿದರು. ಘಾಟಿಗೆ ಕೆಮ್ಮಿದರು. ಒಳಗಿನಿಂದ ಸಣ್ಣ ಕವರು ಹೊರಬಂತು, ಕವರಿನಿಂದ ಕಾರ್ಡು.

ಕೈ ಚಾಚಿದೆ. ಮರ್ಲೇನಿ ಕೊಡಲಿಲ್ಲ.

ಕುತ್ತಿಗೆಯ ಕನ್ನಡಕ ಏರಿಸಿದರು. ಕಾರ್ಡನ್ನು ಬಾಗಿಲ ಬೆಳಕಿಗೆ ಹಿಡಿದು ಫೋಟೊ ನೋಡಿದರು, ನನ್ನನ್ನು ನೋಡಿದರು, ಮತ್ತೆ ಫೋಟೊ ನೋಡಿದರು. ಆ ಫೋಟೊದಲ್ಲಿ ಕಾನೂನಿನ ಪ್ರಕಾರ ನಗು ಇಲ್ಲ. ಇಲ್ಲಿ ನಾನು ಅಳುತ್ತಾ ನಗುತ್ತಿದ್ದೆ.

"ನಗಬೇಡ," ಎಂದರು.

ಮುಖ ಬಿಗಿದುಕೊಂಡೆ. ಲಾರಿ ಬಂದು ಗೇಟಿನಲ್ಲಿ ನಿಂತಿತು. ಕಾವಲುಗಾರ ಏನೋ ಅವಸರಿಸಿದ. ಮರ್ಲೇನಿ ಕೈಯೆತ್ತಿ ಅವನನ್ನು ನಿಲ್ಲಿಸಿದರು.

"ಹೆಸರು?"

"ವಿಭಾ."

"ಪೂರ್ತಿ."

"ವಿಭಾ ಶೆಟ್ಟಿಗಾರ್."

ಕಾರ್ಡಿನ ಮೇಲೆ ಬೆರಳಿಟ್ಟು ಅಕ್ಷರ ಅಕ್ಷರವಾಗಿ ಓದಿದರು. ಶೆಟ್ಟಿಗಾರ್ ಮುಗಿಯಲು ಹೊತ್ತು ಹಿಡಿಯಿತು. ಆಮೇಲೆ ಅದನ್ನು ತಮ್ಮ ಸ್ಕರ್ಟಿಗೆ ಒರೆಸಿ ನನ್ನ ಕೈಗಿಟ್ಟರು. ನಾನು ಹಿಂದೆ ಮುಂದೆ ತಿರುಗಿಸಿ, ಎರಡೂ ಬದಿ ಓದಿ, ಬೆಳಕಿಗೆ ಹಿಡಿದು ನೋಡಿದೆ. ಅವರು ಕಾಯುತ್ತಾ ನಿಂತಿದ್ದರು.

"ಸರಿ ಇದೆಯಾ?"

"ಸರಿ ಇದೆ."

"ಹಾಗೇ ನೋಡಿ ತಗೋಬೇಕು," ಎಂದು ಹೇಳಿ, ಹರಿದ ಚೀಲಕ್ಕೆ ಮತ್ತೆ ಎರಡು ಗಂಟು ಹಾಕಿದರು.